ರಂಗದ ಅಳತೆ, ತೆರೆಯ ಅಳತೆ

1964ರಲ್ಲಿ ಸೋವಿಯತ್ ನಿರ್ದೇಶಕ ಮಿಖಾಯಿಲ್ ಕಲಾತೊಜೊವರು ಹವಾನಾದ ಚಿತ್ರಸಂಸ್ಥೆಯೊಡನೆ ಕೂಡಿ ನಿರ್ಮಿಸಿದ ‘ಸೊಯ್ ಕೂಬಾ’ ಎಂಬ ಚಿತ್ರದಲ್ಲಿ, ಒಂದು ಕಥೆ ಮುಗಿದು ಮತ್ತೊಂದು ಆರಂಭವಾಗುವ ಸಂಧಿಗಳಲ್ಲಿ, ಕ್ಯೂಬಾ ದ್ವೀಪವೇ ಹೆಣ್ಣಿನ ಕಂಠವನ್ನು ತಾಳಿ, ತನ್ನ ಕಬ್ಬನ್ನೂ ತನ್ನ ಕಣ್ಣೀರನ್ನೂ ಕುರಿತು ತಾನೇ ಮಾತನಾಡುತ್ತದೆ. ಆ ಚಿತ್ರದ ಸಾಹಿತ್ಯವನ್ನು ರಚಿಸಿದವರು ರಷ್ಯದ ಕವಿ ಯೆವ್ತುಶೆಂಕೊ ಮತ್ತು ಕ್ಯೂಬಾದ ಲೇಖಕ ಎನ್ರೀಕೆ ಪಿನೆದಾ ಬಾರ್ನೆತ್. ದ್ವೀಪದ ಮಾತುಗಳನ್ನು ನುಡಿದವರು ರಾಕೆಲ್ ರೆವುವೆಲ್ತಾ ಎಂಬ ರಂಗನಟಿ. ಚಿತ್ರದ ಉದ್ದಕ್ಕೂ ಆಕೆಯ ಮುಖ ಒಮ್ಮೆಯೂ ಕಾಣಿಸದು. ಹವಾನಾದಲ್ಲಿಯೂ ಮಾಸ್ಕೋದಲ್ಲಿಯೂ ಯಾರಿಗೂ ರುಚಿಸದೆ ಪೆಟ್ಟಿಗೆ ಸೇರಿದ ಆ ಚಿತ್ರವು ಮೂರು ದಶಕಗಳ ತರುವಾಯ ಅಮೆರಿಕದಲ್ಲಿ ಮತ್ತೆ ಬೆಳಕಿಗೆ ಬಂದು, ಸ್ಕಾರ್ಸೇಸಿ ಮತ್ತು ಕೊಪೋಲಾ ಅಂಥವರ ಹೆಸರಿನ ಬೆಂಬಲದಿಂದ ಲೋಕಪ್ರಸಿದ್ಧವಾಯಿತು. ಉರುಸೆವ್‌ಸ್ಕಿಯವರ ಛಾಯಾಗ್ರಹಣವನ್ನು ಹೊಗಳಿ ಬರೆದ ಲೇಖನಗಳಿಗೆ ಲೆಕ್ಕವಿಲ್ಲ. ಆದರೆ ಆ ತಗ್ಗಿದ, ಅವಸರವಿಲ್ಲದ, ಎಲ್ಲಿಯೂ ಗೋಗರೆಯದ ಕಂಠ ಯಾರದೆಂದು ಕೇಳಿದವರು ವಿರಳ.

ಈ ಅಲಕ್ಷ್ಯಕ್ಕೆ ಕಾರಣವಿಲ್ಲದಿಲ್ಲ. ಚಿತ್ರವಿಮರ್ಶೆ ಬರೆಯುವವರಲ್ಲಿ, ಅದರಲ್ಲಿಯೂ ಚಿತ್ರೋತ್ಸವಗಳನ್ನು ಸುತ್ತಿ ಬರುವವರಲ್ಲಿ, ಒಂದು ತೀರ್ಪು ಬಹುಕಾಲದಿಂದ ಬೇರೂರಿದೆ: ರಂಗಭೂಮಿಯ ಮೇಲೆ ಬೆಳೆದ ನಟನ ಅಭಿನಯವು ಚಿತ್ರದ ಕಣ್ಣಿಗೆ ಅತಿಯಾಗಿ ತೋರುತ್ತದೆ, ಹಿಂದಿನ ಸಾಲಿನ ಪ್ರೇಕ್ಷಕನಿಗೆ ಮುಟ್ಟಲೆಂದು ಹಿಗ್ಗಿಸಿದ ಕೈ, ಕಣ್ಣು, ಕಂಠಗಳು ಸಮೀಪಚಿತ್ರದಲ್ಲಿ ಕೃತಕವಾಗುತ್ತವೆ, ಆದಕಾರಣ ತೆರೆಗೆ ಬರುವ ರಂಗನಟನು ಮೊದಲು ತನ್ನ ವಿದ್ಯೆಯನ್ನು ಮರೆಯತಕ್ಕದ್ದು, ಎಂದು. ಕೇಳುವುದಕ್ಕೆ ಯುಕ್ತಿಯುಕ್ತವಾಗಿರುವ ಈ ವಾದವನ್ನು ನಾನು ಒಪ್ಪಲಾರೆ. ಅಭಿನಯದಲ್ಲಿ ದೋಷವಾಗುವುದು ಅಸತ್ಯವೇ ಹೊರತು ಗಾತ್ರವಲ್ಲ. ಗಾತ್ರವನ್ನು ಸತ್ಯದಿಂದ ತುಂಬುವ ಶಕ್ತಿಯಾದರೋ, ದಿನದಿನದ ತಾಲೀಮಿನಿಂದ, ಒಂದೇ ತಂಡದಲ್ಲಿ ಬಹುಕಾಲ ಬಾಳಿದವರಿಗೆ ದೊರೆಯುವಂಥದು. ಇದಕ್ಕೆ ಸಾಕ್ಷಿ ಬೇಕೆಂದರೆ ರಾಕೆಲ್ ರೆವುವೆಲ್ತಾ ಅವರಿಗಿಂತ ಉತ್ತಮವಾದ ಸಾಕ್ಷಿ ನನಗೆ ತೋರದು.

ಆಕೆ ಹುಟ್ಟಿದುದು ಹವಾನಾದಲ್ಲಿ, 1925ರಲ್ಲಿ. ನಾಲ್ಕು ವರ್ಷ ಕಿರಿಯನಾದ ತಮ್ಮ ವಿಸೆಂತೆ ಮುಂದೆ ಕ್ಯೂಬಾದ ಆಧುನಿಕ ರಂಗಭೂಮಿಯ ಪ್ರಧಾನ ನಿರ್ದೇಶಕನಾದವನು. ಅಕ್ಕ ತಮ್ಮಂದಿರಿಬ್ಬರ ಬಾಳೂ ಕೊನೆಯವರೆಗೆ ಒಂದೇ ಹಗ್ಗದ ಎರಡು ಎಳೆಗಳಂತೆ ಹೊಸೆದುಕೊಂಡು ಸಾಗಿತು. ಆಕೆ ವೃತ್ತಿಗೆ ಕಾಲಿಟ್ಟ ಕಾಲದಲ್ಲಿ ಹವಾನಾದ ನಟವರ್ಗಕ್ಕೆ ಅನ್ನವಿದ್ದುದು ರಂಗದಲ್ಲಲ್ಲ, ಬಾನುಲಿಯಲ್ಲಿ. ಧಾರಾವಾಹಿ ನಾಟಕವನ್ನು ಕೇಳಲು ಇಡೀ ಬೀದಿಗಳೇ ಕಿವಿಗೊಟ್ಟು ಕೂರುತ್ತಿದ್ದ ನಾಡು ಅದು. 1948ರಲ್ಲಿ ಪ್ರಸಾರವಾದ ಫೇಲಿಕ್ಸ್ ಕೈನ್ಯೇತ್ ಅವರ ‘ಹುಟ್ಟುವ ಹಕ್ಕು’ ಎಂಬ ಕಥೆ ಲ್ಯಾಟಿನ್ ಅಮೆರಿಕವನ್ನೇ ಅಳಿಸಿತೆಂದು ಪ್ರತೀತಿ. ರೆವುವೆಲ್ತಾ ಅವರ ಕಂಠ ಪಳಗಿದುದು ಆ ಮೈಕಿನ ಮುಂದೆ. 1950ರಲ್ಲಿ ಟೆಲಿವಿಷನ್ ಬಂದಿತು. ವೆನೆಜುವೆಲಾದ ಕಾದಂಬರಿಕಾರ ರೋಮುಲೊ ಗಾಯೇಗೊಸರ ‘ದೊನ್ಯಾ ಬಾರ್ಬರಾ’ದ ಘೋರಸ್ವಭಾವದ ನಾಯಕಿಯಾಗಿ ಆಕೆ ಮನೆಮನೆಗೆ ಪರಿಚಿತರಾದರು. ಕ್ಯೂಬಾದ ಸ್ವಾತಂತ್ರ್ಯನಾಯಕ, ಕವಿ ಮಾರ್ತಿಯ ಜೀವನವನ್ನು ಕುರಿತು ಮೆಕ್ಸಿಕೋದ ಎಮಿಲಿಯೊ ಫೆರ್ನಾಂದೆಸರು 1954ರಲ್ಲಿ ತೆಗೆದ ‘ಬಿಳಿ ಗುಲಾಬಿ’ಯಂಥ ಕೆಲವು ಚಿತ್ರಗಳಲ್ಲಿಯೂ ಕಾಣಿಸಿಕೊಂಡರು. ಹಣವೂ ಹೆಸರೂ ಕೈಸೇರಿದ್ದ ಈ ಹಂತದಲ್ಲಿ ಯಾವ ವಿವೇಕಿಯೂ ಮಾಡದ ಒಂದು ಕೆಲಸವನ್ನು ಆಕೆ ಮಾಡಿದರು: ನಾಟಕತಂಡ ಕಟ್ಟಿದರು.

ಅಂದಿನ ಹವಾನಾದಲ್ಲಿ ಗಂಭೀರ ನಾಟಕಗಳ ಸ್ಥಿತಿ ಹೇಗಿತ್ತೆಂದರೆ, ತಿಂಗಳುಗಟ್ಟಲೆ ತಾಲೀಮು ನಡೆಸಿದ ನಾಟಕವು ಚಂದಾದಾರರ ಮುಂದೆ ಒಂದೇ ಒಂದು ರಾತ್ರಿ ಆಡಿ ಮುಗಿಯುತ್ತಿತ್ತು. 1954ರಲ್ಲಿ ಸಾರ್ತ್ರರ ನಾಟಕವೊಂದು ನೂರಕ್ಕೆ ಮೀರಿ ಪ್ರಯೋಗಗಳನ್ನು ಕಂಡ ಮೇಲೆ, ಪುಟ್ಟ ಪುಟ್ಟ ರಂಗಮಂದಿರಗಳು ನಗರದಲ್ಲಿ ತಲೆಯೆತ್ತಿ, ದಿನನಿತ್ಯ ನಾಟಕವಾಡುವ ಪದ್ಧತಿ ಮೊದಲಾಯಿತಾದರೂ, ಆ ಮಂದಿರಗಳಲ್ಲಿ ಅನೇಕವು ಬ್ರಾಡ್‌ವೇಯಲ್ಲಿ ಗೆದ್ದ ಹಾಸ್ಯಗಳನ್ನೇ ನಂಬಿ ಬದುಕುತ್ತಿದ್ದವು. ಪ್ಯಾರಿಸಿನಲ್ಲಿ ಸ್ತಾನಿಸ್ಲಾವ್‌ಸ್ಕಿಯ ಪದ್ಧತಿಯನ್ನು ಅರಿತು ಬಂದಿದ್ದ ವಿಸೆಂತೆಗೆ ಇದು ಸಹಿಸದಾಯಿತು. 1958ರ ಫೆಬ್ರವರಿಯಲ್ಲಿ, ಸರ್ವಾಧಿಕಾರಿ ಬತಿಸ್ತಾನ ದಬ್ಬಾಳಿಕೆ ತನ್ನ ಕೊನೆಯ ವರ್ಷದ ಕ್ರೌರ್ಯದಲ್ಲಿದ್ದಾಗ, ಅಕ್ಕ ತಮ್ಮಂದಿರು ಎರ್ನೆಸ್ತಿನಾ ಲಿನಾರೆಸ್, ಸೆರ್ಹಿಯೊ ಕೊರ್ರಿಯೇರಿ ಮೊದಲಾದವರನ್ನು ಕೂಡಿಸಿಕೊಂಡು ‘ತಿಯಾತ್ರೊ ಎಸ್ತುದಿಯೊ’ವನ್ನು ಸ್ಥಾಪಿಸಿ, ನಟನು ಅಭ್ಯಾಸಿಯಾಗಿರಬೇಕು, ನಾಟಕವು ತನ್ನ ಜನಕ್ಕೆ ಉತ್ತರ ಹೇಳಬೇಕು ಎಂಬ ಅಭಿಪ್ರಾಯದ ಪ್ರಣಾಳಿಕೆಯೊಂದನ್ನು ಹೊರಡಿಸಿದರು. ಅದೇ ವರ್ಷದ ಅಕ್ಟೋಬರಿನಲ್ಲಿ ಅಮೆರಿಕದ ನಾಟಕಕಾರ ಓನೀಲರ ಸುದೀರ್ಘವಾದ, ಶೋಕಮಯವಾದ ಕುಟುಂಬನಾಟಕದಿಂದ ತಂಡದ ರಂಗಪ್ರವೇಶವಾಯಿತು. ಮಹಡಿಯ ಮೇಲೆ ಹಾಸ್ಯನಾಟಕ, ಬೀದಿಯಲ್ಲಿ ಗುಂಡಿನ ಸದ್ದು ಎಂಬಂತಿದ್ದ ನಗರದಲ್ಲಿ ಇಂಥ ನಾಟಕದಿಂದ ಆರಂಭಿಸಲು ಧೈರ್ಯವಷ್ಟೇ ಸಾಲದು, ಸ್ವಲ್ಪ ಹಟವೂ ಬೇಕು.

ಮುಂದಿನ ಜನವರಿಯಲ್ಲಿ ಬತಿಸ್ತಾ ಓಡಿಹೋದ, ಕ್ರಾಂತಿ ಗೆದ್ದಿತು. ಖಾಸಗಿ ಟೆಲಿವಿಷನ್ನಿನ ಸಂಪಾದನೆಯನ್ನು ನೆಚ್ಚಿದ್ದ ಹಲವು ತಾರೆಗಳು ಮಯಾಮಿಯ ದಾರಿ ಹಿಡಿದರು. ರೆವುವೆಲ್ತಾ ಉಳಿದರು, ಕ್ರಾಂತಿಯ ಪಕ್ಷಪಾತಿಯಾಗಿಯೇ ಉಳಿದರು, ಆ ಪಕ್ಷಪಾತವನ್ನು ಮುಚ್ಚಿಡಲಿಲ್ಲ. 1959ರಲ್ಲಿಯೇ ತಂಡವು ಬ್ರೆಖ್ಟನ ಸೆಜುವಾನ್ ನಾಟಕವನ್ನು ಆಡಿ ಆ ನಾಟಕಕಾರನನ್ನು ಕ್ಯೂಬಾದ ಪ್ರೇಕ್ಷಕರಿಗೆ ಪರಿಚಯಿಸಿತು. ಕೆ. ವಿ. ಸುಬ್ಬಣ್ಣನವರ ‘ಸೇಜುವಾನ್ ನಗರದ ಸಾಧ್ವಿ’ಯನ್ನು ಓದಿದ ಅಥವಾ ನೋಡಿದ ನಮ್ಮವರಿಗೆ ಆ ನಾಯಕಿಯ ಪಾತ್ರ ಎಂಥ ಪರೀಕ್ಷೆಯೆಂಬುದನ್ನು ಹೇಳಬೇಕಾಗಿಲ್ಲ: ಒಳ್ಳೆಯವಳಾಗಿ ಬಾಳಲಾರದೆ ಕಠೋರನಾದ ದಾಯಾದಿಯ ವೇಷವನ್ನು ತೊಡುವ ಹೆಣ್ಣು, ಒಂದೇ ದೇಹದಲ್ಲಿ ಎರಡು ನಡೆ, ಎರಡು ದನಿ, ವೇಷದ ಒಳಗಿರುವವಳು ವೇಷವನ್ನು ಮೀರಿ ಇಣುಕಬೇಕು, ಆದರೆ ಹೊರಬೀಳಬಾರದು. ಸ್ತಾನಿಸ್ಲಾವ್‌ಸ್ಕಿಯಿಂದ ಅಂತರಂಗವನ್ನೂ ಬ್ರೆಖ್ಟನಿಂದ ಅಂತರವನ್ನೂ ಒಟ್ಟಿಗೇ ಕಲಿಯಬೇಕಾಗಿ ಬಂದ ಈ ತಂಡದ ಅದೃಷ್ಟವನ್ನು ನಾನು ವಿಶೇಷವಾಗಿ ಎಣಿಸುತ್ತೇನೆ. ಏಕೆಂದರೆ ಇವೆರಡರಲ್ಲಿ ಒಂದನ್ನೇ ವೇದವೆಂದು ಹಿಡಿದು ಕಳೆದುಹೋದ ತಂಡಗಳು ಎಲ್ಲ ದೇಶಗಳಲ್ಲಿಯೂ ಉಂಟು.

1963ರಲ್ಲಿ ವಿಸೆಂತೆ ಅವರು ಸ್ಪೇನಿನ ಸ್ವರ್ಣಯುಗದ ಕವಿ ಲೋಪೆ ದೆ ವೇಗಾನ ‘ಫುವೆಂತೆ ಒವೆಹೂನಾ’ವನ್ನು ರಂಗಕ್ಕೆ ತಂದಾಗ ರಾಕೆಲ್ ಅವರಿಗೆ ಲೌರೆನ್ಸಿಯಾಳ ಪಾತ್ರ ಬಂದಿತು. ಊರಿನ ದಂಡನಾಯಕನು ಆ ಹುಡುಗಿಯನ್ನು ಮದುವೆಯ ಚಪ್ಪರದಿಂದಲೇ ಎತ್ತಿಕೊಂಡು ಹೋಗುತ್ತಾನೆ. ಊರ ಗಂಡಸರು ಸಭೆ ಸೇರಿ ಏನು ಮಾಡುವುದೆಂದು ಚರ್ಚಿಸುತ್ತಿರುವಾಗ, ಕೆದರಿದ ಕೂದಲಿನಿಂದ, ಪೆಟ್ಟು ತಿಂದ ಮೈಯಿಂದ ಆಕೆ ತಾನೇ ತಪ್ಪಿಸಿಕೊಂಡು ಬಂದು, ತಂದೆಯನ್ನೂ ಬಿಡದೆ, ಆ ಸಭೆಯ ಒಬ್ಬೊಬ್ಬನನ್ನೂ ಮಾತಿನಿಂದ ಸೀಳುತ್ತಾಳೆ. ಊರಿಗೆ ಊರೇ ಎದ್ದು ದಂಡನಾಯಕನನ್ನು ಕೊಲ್ಲುತ್ತದೆ. ಈ ಪ್ರಯೋಗದ ಸಂಜೆಗಳು ಸಂದುಹೋದುವು. ರಂಗದ ಎಲ್ಲ ಸಂಜೆಗಳಿಗೂ ಅದೇ ಗತಿ. ಆದರೂ ಐದು ವರ್ಷಗಳ ತರುವಾಯ ಬಂದ ಚಿತ್ರವೊಂದರ ಮೊದಲ ಕಥೆಯ ಕೊನೆಯ ದೃಶ್ಯವನ್ನು ನೋಡುವವನು, ಲೌರೆನ್ಸಿಯಾಳನ್ನು ತನ್ನ ಮೈಯಲ್ಲಿ ಧರಿಸಿ ಪಳಗಿದ ನಟಿಯಲ್ಲದೆ ಬೇರೊಬ್ಬಳು ಅದನ್ನು ಮಾಡಲಾರಳೆಂದು ನಂಬದಿರುವುದು ಕಷ್ಟ.

ಆ ಚಿತ್ರ ಉಂಬೆರ್ತೊ ಸೊಲಾಸರ ‘ಲೂಸಿಯಾ’, 1968ರದು. ನಿರ್ದೇಶಕರ ವಯಸ್ಸು ಆಗ ಮೂವತ್ತನ್ನು ಮುಟ್ಟಿರಲಿಲ್ಲ. ಲೂಸಿಯಾ ಎಂಬ ಒಂದೇ ಹೆಸರಿನ ಮೂವರು ಹೆಂಗಸರ ಮೂರು ಕಾಲದ ಕಥೆಗಳನ್ನು ಎರಡೂವರೆ ಗಂಟೆಗೂ ಮೀರಿ ಹೇಳುವ ಆ ಚಿತ್ರಕ್ಕೆ ಮರುವರ್ಷ ಮಾಸ್ಕೋದ ಉತ್ಸವದಲ್ಲಿ ಸ್ವರ್ಣಪಾರಿತೋಷಕ ಬಂದಿತು. ಮೊದಲನೆಯ ಲೂಸಿಯಾ, 1895ರ ಸ್ವಾತಂತ್ರ್ಯಯುದ್ಧದ ಕಾಲದವಳು, ರಾಕೆಲ್ ರೆವುವೆಲ್ತಾ. ಈ ಲೂಸಿಯಾ ಭೂಮಾಲಿಕರ ಮನೆಯ ಮಗಳು. ಮದುವೆಯ ವಯಸ್ಸು ಮೀರಿದವಳು. ತಮ್ಮ ಫೆಲಿಪೆ ದಂಗೆಕಾರರ ಪಡೆಯಲ್ಲಿದ್ದು ಮನೆಯ ಕಾಫಿ ತೋಟದಲ್ಲಿ ಅಡಗಿದ್ದಾನೆ. ಈಕೆ ಗೆಳತಿಯರೊಡನೆ ಕುಳಿತು ಆ ಪಡೆಗೆ ಬಟ್ಟೆ ಹೊಲಿಯುತ್ತಾಳೆ. ಅಷ್ಟರಲ್ಲಿ ರಫಾಯೆಲ್ ಎಂಬ ಸುಂದರನೊಬ್ಬ ಬರುತ್ತಾನೆ. ತನಗೆ ಸ್ಪೇನೂ ಬೇಡ, ಕ್ಯೂಬಾವೂ ಬೇಡ, ರಾಜಕೀಯದ ಗೊಡವೆಯೇ ಬೇಡವೆನ್ನುತ್ತಾನೆ. ಇಂಥ ಮಾತನ್ನು ಕೇಳಿದಾಗಲೇ ಎಚ್ಚರಗೊಳ್ಳಬೇಕೆಂದು ಚರಿತ್ರೆ ಓದಿದವನಿಗೆ ಗೊತ್ತು, ಲೂಸಿಯಾಳಿಗೆ ಗೊತ್ತಿಲ್ಲ.

ಈ ಕಥೆಯ ಮೊದಲ ಭಾಗದಲ್ಲಿ ರೆವುವೆಲ್ತಾ ಅವರು ಮಾಡಿರುವುದನ್ನು, ಮೇಲೆ ಹೇಳಿದ ಚಿತ್ರವಿಮರ್ಶಕರ ತೀರ್ಪಿನ ಪ್ರಕಾರ ಅಳೆದರೆ ಎಲ್ಲವೂ ಅತಿ. ನಲವತ್ತೆರಡರ ಆಸುಪಾಸಿನ ನಟಿ ಹದಿನೆಂಟರ ಹುಡುಗಿಯಂತೆ ಕಿಲಕಿಲನೆ ನಗುತ್ತಾರೆ. ಕನ್ನಡಿಯನ್ನು ನೋಡಿ ನಾಚುತ್ತಾರೆ. ಕೈಬೀಸಣಿಗೆಯ ಹಿಂದೆ ಕಣ್ಣರಳಿಸುತ್ತಾರೆ. ಆದರೆ ಈ ಅತಿಯು ನಟಿಯದಲ್ಲ, ಪಾತ್ರದ್ದು. ತಡವಾಗಿ ಬಂದ ಯೌವನವನ್ನು ಅವಸರವಸರವಾಗಿ ಬಾಳಿಬಿಡಬೇಕೆಂಬ ಹೆಣ್ಣಿನ ನಗುವಿನಲ್ಲಿ ಸದ್ದು ಒಂದಿಷ್ಟು ಜಾಸ್ತಿಯಿರುವುದೇ ಸಹಜ. ಆ ನಗುವಿನ ಅಂಚಿನಲ್ಲಿ, ಅದು ನಿಲ್ಲುವ ಒಂದು ಕ್ಷಣದಲ್ಲಿ, ತಾನು ನಗೆಪಾಟಲಾಗುತ್ತಿರುವೆನೇನೋ ಎಂಬ ಭಯ ಮುಖದ ಮೇಲೆ ಹಾದು ಮಾಯವಾಗುತ್ತದೆ. ಹಿಂದಿನ ಸಾಲಿನ ಪ್ರೇಕ್ಷಕನಿಗೆ ಕಾಣುವುದು ನಗು. ಹೊರ್ಹೆ ಎರ್ರೇರಾ ಅವರ ಕ್ಯಾಮರಾಕ್ಕೆ ಕಾಣುವುದು ಆ ಭಯ. ಎರಡನ್ನೂ ಏಕಕಾಲದಲ್ಲಿ ಕೊಡಬಲ್ಲ ನಟಿಗೆ ತನ್ನ ವಿದ್ಯೆಯನ್ನು ಮರೆತು ಬಾ ಎಂದು ಹೇಳುವವನು ಏನನ್ನು ಕೇಳುತ್ತಿದ್ದಾನೆಂದು ತಾನೇ ತಿಳಿಯನು.

ಆಮೇಲೆ ವಂಚನೆ. ರಫಾಯೆಲನಿಗೆ ಸ್ಪೇನಿನಲ್ಲಿ ಹೆಂಡತಿಯೂ ಮಗುವೂ ಇರುವುದು ತಿಳಿಯುತ್ತದೆ, ಲೂಸಿಯಾ ಮುರಿದುಬೀಳುತ್ತಾಳೆ, ಆದರೂ ಮತ್ತೆ ಅವನ ಬಳಿಗೇ ಹೋಗುತ್ತಾಳೆ. ರಣರಂಗದಲ್ಲಿ ಬಿದ್ದವರನ್ನು ಹರಸಲು ಹೋಗಿ ಸೈನಿಕರ ಅತ್ಯಾಚಾರಕ್ಕೆ ಗುರಿಯಾಗಿ ಬುದ್ಧಿ ಕಳೆದುಕೊಂಡ ಫೆರ್ನಾಂದಿನಾ ಎಂಬ ಸಂನ್ಯಾಸಿನಿ, ಬೀದಿಬೀದಿಯಲ್ಲಿ ಕೂಗುತ್ತ ಅಲೆಯುವವಳು, ಹೋಗಬೇಡವೆಂದು ಅಂಗಲಾಚಿದರೂ ಕೇಳುವುದಿಲ್ಲ. ಕಾಫಿ ತೋಟಕ್ಕೆ ಓಡಿಹೋಗೋಣವೆಂದ ಪ್ರಿಯನಿಗೆ ದಾರಿ ತೋರಿಸಿ, ಕುದುರೆಯ ಮೇಲೆ ಅವನೊಡನೆ ಹೋಗುತ್ತಾಳೆ. ಗುರಿ ಕಂಡೊಡನೆ ಅವನು ಈಕೆಯನ್ನು ನೆಲಕ್ಕೆ ತಳ್ಳಿ ಮುಂದೆ ಸಾಗುತ್ತಾನೆ. ಹಿಂದಿನಿಂದ ಸ್ಪೇನಿನ ದಳ ನುಗ್ಗಿಬರುತ್ತದೆ. ಆ ಕಾಳಗದಲ್ಲಿ ಫೆಲಿಪೆ ಸಾಯುತ್ತಾನೆ. ಇನ್ನು ಕೊನೆ: ಊರಿನ ಚೌಕಕ್ಕೆ, ಕಪ್ಪು ಬಟ್ಟೆಯಲ್ಲಿ, ಜನರನ್ನು ಸೀಳಿಕೊಂಡು ಆಕೆ ಬರುತ್ತಾಳೆ, ಸ್ಪೇನಿನ ಸಮವಸ್ತ್ರದಲ್ಲಿ ನಿಂತಿರುವ ರಫಾಯೆಲನನ್ನು ಕಾಣುತ್ತಾಳೆ, ಇರಿಯುತ್ತಾಳೆ, ಮತ್ತೆ ಮತ್ತೆ ಇರಿಯುತ್ತಾಳೆ. ಸೈನಿಕರು ಎಳೆದೊಯ್ಯುವಾಗ ಅವಳ ಬಾಯಿಂದ ಹೊರಡುವುದು ಅಳುವೋ ಚೀತ್ಕಾರವೋ ನಿರ್ಧರಿಸಲಾಗದು. ಫೆರ್ನಾಂದಿನಾ ಓಡಿಬಂದು ಆ ಮುಖವನ್ನು ಸವರುತ್ತಾಳೆ. ಇದುವರೆಗೆ ಹುಚ್ಚಿಯಾಗಿದ್ದವಳೇ ಆಗ ಬುದ್ಧಿವಂತೆ. ಸಂನ್ಯಾಸಿನಿಯಾಗಿ ನಟಿಸಿದ ಇದಾಲಿಯಾ ಅನ್ರೇಯುಸ್ ಅವರನ್ನು ಇಲ್ಲಿ ಹೆಸರಿಸದಿದ್ದರೆ ಅನ್ಯಾಯವಾದೀತು.

ವಿಸ್ಕೊಂತಿಯವರ ‘ಸೆನ್ಸೊ’ವನ್ನು ಬಲ್ಲವರು ಈ ಕಥೆಯಲ್ಲಿ ಅದರ ನೆರಳನ್ನು ಗುರುತಿಸುವರು, ಸೊಲಾಸರು ಆ ಇಟಾಲಿಯನ್ ಗುರುವಿನ ಅಭಿಮಾನಿಗಳು. ಆದರೆ ವಿಸ್ಕೊಂತಿಯವರ ಕೌಂಟೆಸ್ ಪ್ರಿಯಕರನ ದ್ರೋಹಕ್ಕೆ ಪ್ರತೀಕಾರವನ್ನು ಸೇನಾಧಿಕಾರಿಗಳ ಮುಂದೆ ದೂರು ಕೊಟ್ಟು ತೀರಿಸಿಕೊಳ್ಳುತ್ತಾಳೆ. ಕ್ಯೂಬಾದ ಲೂಸಿಯಾ ತನ್ನ ಕೈಯಿಂದಲೇ, ಊರ ನಡುವೆ, ಎಲ್ಲರ ಕಣ್ಣೆದುರಿಗೆ ತೀರಿಸಿಕೊಳ್ಳುತ್ತಾಳೆ. ಇಟಲಿಯಿಂದ ಬಂದ ಕಥೆಗೆ ಲೋಪೆ ದೆ ವೇಗಾನ ಊರಚೌಕವನ್ನು ಜೋಡಿಸಿದಂತೆ ನನಗೆ ತೋರುತ್ತದೆ. ಆ ಜೋಡಣೆಯಲ್ಲಿ ನಿರ್ದೇಶಕರ ಪಾಲೆಷ್ಟು, ನಟಿಯ ದೇಹದ ನೆನಪಿನ ಪಾಲೆಷ್ಟು ಎಂದು ತೂಗಲು ತಕ್ಕಡಿಯಿಲ್ಲ. ಆದರೆ ಎರಡನೆಯದು ಶೂನ್ಯವೆನ್ನುವವನನ್ನು ನಾನು ಒಪ್ಪೆನು.

ಇಲ್ಲಿ ಎದುರುವಾದಿಯೊಬ್ಬನು ಎದ್ದು, ‘ಅದೇ ಚಿತ್ರದ ಮೂರನೆಯ ಲೂಸಿಯಾಳನ್ನು ನೋಡಿ’ ಎನ್ನಬಹುದು. ನ್ಯಾಯವಾದ ಮಾತು. ಕ್ರಾಂತಿಯ ನಂತರದ ಹಳ್ಳಿಯಲ್ಲಿ, ಅನುಮಾನದ ಗಂಡನಿಂದ ಮನೆಯೊಳಗೆ ಬಂಧಿತಳಾದ ಆ ಲೂಸಿಯಾಳಾಗಿ ನಟಿಸಿದ ಅದೇಲಾ ಲೆಗ್ರಾ ಯಾವ ನಾಟಕಶಾಲೆಯನ್ನೂ ಕಂಡವರಲ್ಲ. ಹಳ್ಳಿಗಾಡಿನ ದುಡಿಮೆಯ ಹೆಂಗಸಾಗಿದ್ದ ಅವರನ್ನು ಸೊಲಾಸರು ‘ಮಾನುಯೇಲಾ’ ಎಂಬ ಮೊದಲಿನ ಚಿತ್ರಕ್ಕೆ ಕರೆತಂದಿದ್ದರು. ಅವರ ಅಭಿನಯವೂ ಮನೋಹರ. ಆದರೆ ಅದೇಲಾ ಲೆಗ್ರಾ ಅವರು ತಮ್ಮ ನೆಲದ, ತಮ್ಮ ಕಾಲದ ಹೆಣ್ಣನ್ನು ಅಭಿನಯಿಸಿದರು. 1895ರ ಶ್ರೀಮಂತ ಕನ್ಯೆಯ ನಡೆಯನ್ನೂ, ಲಜ್ಜೆಯನ್ನೂ, ವಿನಾಶವನ್ನೂ ಗಾಳಿಯಿಂದ ಸೃಷ್ಟಿಸುವುದಕ್ಕೆ ಬೇರೆ ಸಾಮಗ್ರಿ ಬೇಕು. ಅದೃಷ್ಟದಿಂದ ದೊರೆಯುವ ಪ್ರತಿಭೆಯನ್ನು ತೋರಿಸಿ ಅಭ್ಯಾಸದ ಅಗತ್ಯವನ್ನು ಅಲ್ಲಗಳೆಯುವುದು ಚಿತ್ರೋದ್ಯಮಕ್ಕೆ ಬಹಳ ಅನುಕೂಲವಾದ ವಾದ. ಅಭ್ಯಾಸಕ್ಕೆ ಹಣವೂ ಕಾಲವೂ ಬೇಕಲ್ಲವೆ?

ಹಣವೂ ಕಾಲವೂ ಕ್ಯೂಬಾದಲ್ಲಿ ಬಂದುದು ಸರ್ಕಾರದಿಂದ. 1959ರ ತರುವಾಯದ ವರ್ಷಗಳಲ್ಲಿ ನಟರಿಗೆ ತಿಂಗಳ ಸಂಬಳ ದೊರೆತು, ವೆದಾದೊ ಬಡಾವಣೆಯ ಹುಬೆರ್ತ್ ದೆ ಬ್ಲಾಂಕ್ ರಂಗಮಂದಿರ ತಂಡದ ನೆಲೆಯಾಗಿ, ಬೆರ್ತಾ ಮಾರ್ತೀನೆಸರಂಥ ನಿರ್ದೇಶಕಿಯರೂ ಎಕ್ತೊರ್ ಕಿಂತೇರೊ ಅವರಂಥ ನಾಟಕಕಾರರೂ ಅಲ್ಲಿ ಬೆಳೆದರು. ತಂಡದ ಸ್ಥಾಪಕರಲ್ಲೊಬ್ಬರಾದ ಕೊರ್ರಿಯೇರಿ 1968ರಲ್ಲಿ, ‘ಅಭಿವೃದ್ಧಿಹೀನತೆಯ ನೆನಪುಗಳು’ ಚಿತ್ರದ ನಾಯಕನಾಗಿ ಹೆಸರಾದ ವರ್ಷದಲ್ಲಿಯೇ, ನಗರವನ್ನು ಬಿಟ್ಟು ಎಸ್ಕಾಂಬ್ರಾಯ್ ಬೆಟ್ಟಗಳ ರೈತರ ನಡುವೆ ನಾಟಕವಾಡಲು ಹೊರಟರು. ಆದರೆ ಕೊಟ್ಟ ಕೈಗೆ ಕಸಿಯುವುದೂ ಗೊತ್ತಿತ್ತು. 1971ರ ಏಪ್ರಿಲಿನಲ್ಲಿ ನಡೆದ ಶಿಕ್ಷಣ ಮತ್ತು ಸಂಸ್ಕೃತಿಯ ರಾಷ್ಟ್ರೀಯ ಸಮಾವೇಶದ ಬಳಿಕ, ಸಲಿಂಗಿಗಳೆಂದೋ ಶ್ರದ್ಧೆ ಸಾಲದವರೆಂದೋ ಆರೋಪಿಸಿ ರಂಗಭೂಮಿಯ ಅನೇಕರನ್ನು ಕೆಲಸದಿಂದ ತೆಗೆಯಲಾಯಿತು. ನೇಪಥ್ಯದಿಂದ ಎಳೆದು ಅವರನ್ನು ಕಾರ್ಖಾನೆಗೂ ಗೋರಿ ತೋಡುವ ಕೆಲಸಕ್ಕೂ ಕಳುಹಿದುದುಂಟು. ಕೆಲವರು ನ್ಯಾಯಾಲಯದ ಮೆಟ್ಟಿಲನ್ನು ಹತ್ತಿ ತಮ್ಮ ಹಕ್ಕನ್ನು ಸಾಧಿಸಿಕೊಂಡರು, ಹಲವರು ಮೌನವಾದರು. ವಿಸೆಂತೆ ಅವರು 1966ರಲ್ಲಿ ರಂಗಕ್ಕೆ ತಂದು ಮರುವರ್ಷ ಯೂರೋಪಿನಲ್ಲಿ ಕೀರ್ತಿ ಗಳಿಸಿದ ‘ಕೊಲೆಗಾರರ ರಾತ್ರಿ’ಯ ಲೇಖಕ ಹೊಸೆ ತ್ರಿಯಾನಾ ಕಡೆಗೆ ಪ್ಯಾರಿಸಿಗೆ ಹೊರಟುಹೋದರು. ಈ ಕಾಲವನ್ನು ಕ್ಯೂಬಾದವರೇ ಈಗ ಬೂದು ಬಣ್ಣದ ವರ್ಷಗಳೆಂದು ಕರೆಯುತ್ತಾರೆ. ಆ ವ್ಯವಸ್ಥೆಯ ಗೌರವಾನ್ವಿತ ಸ್ಥಾನದಲ್ಲಿ ಉಳಿದ, ಮುಂದೆ ರಂಗಕಲೆಗಳ ರಾಷ್ಟ್ರೀಯ ಮಂಡಲಿಯ ಅಧ್ಯಕ್ಷಪದವಿಯನ್ನೂ ವಹಿಸಿದ ರಾಕೆಲ್ ಅವರ ಬಾಳನ್ನು ಬರೆಯುವವನು ಈ ಪುಟವನ್ನು ಮಗುಚಿ ಮುಂದೆ ಹೋಗತಕ್ಕದ್ದಲ್ಲ. ಸರ್ಕಾರದ ಸಂಬಳವಿಲ್ಲದೆ ಆ ತಂಡವಿಲ್ಲ. ಸರ್ಕಾರದ ಭಯವಿಲ್ಲದ ದಿನಗಳೂ ಆ ತಂಡಕ್ಕೆ ಹೆಚ್ಚಾಗಿ ಇರಲಿಲ್ಲ. ನಾನು ಮೆಚ್ಚುವುದು ತಂಡವನ್ನು, ದಣಿಯನ್ನಲ್ಲ.

ತರುವಾಯದ ಚಿತ್ರಗಳು ಹೆಚ್ಚಿಲ್ಲ. ಸೊಲಾಸರ ‘ಸೆಸೀಲಿಯಾ’ದಲ್ಲಿ (1982) ಮಗನನ್ನು ಮೋಹದಿಂದ ಕಾಯುವ ಗುಲಾಮರ ಒಡತಿಯಾಗಿ, ಅವರದೇ ‘ಯಶಸ್ವಿ ಪುರುಷ’ದಲ್ಲಿ (1986) ಹಳೆಯ ಹವಾನಾದ ಹೆಂಗಸಾಗಿ ಆಕೆ ಬಂದು ಹೋಗುತ್ತಾರೆ. ಮೊದಲನೆಯದು ದುಬಾರಿ ವೆಚ್ಚಕ್ಕಾಗಿ ವಿವಾದಕ್ಕೆ ಸಿಕ್ಕಿ ಚಿತ್ರಸಂಸ್ಥೆಯ ಮುಖ್ಯಸ್ಥರ ಪದವಿಗೇ ಸಂಚಕಾರ ತಂದಿತು. ಆ ಗದ್ದಲದಲ್ಲಿ ತಾಯಿಯ ಪಾತ್ರವನ್ನು ನೋಡಿದವರು ಯಾರು? ಆಕೆಯ ದಿನಗಳು ಕಳೆದುದು ಹುಬೆರ್ತ್ ದೆ ಬ್ಲಾಂಕ್‌ನಲ್ಲಿ. ತಾಲೀಮು, ಸಭೆ, ಕಡತ, ಹೊಸ ಹುಡುಗ ಹುಡುಗಿಯರ ತಯಾರಿ ಇವುಗಳಲ್ಲಿ ಚಿತ್ರಕ್ಕೆ ಸಿಗಬಹುದಾಗಿದ್ದ ಎಷ್ಟೋ ವರ್ಷಗಳು ಕರಗಿದವೆಂದು ಮರುಗುವವರುಂಟು. ನನಗೆ ಆ ಮರುಕವಿಲ್ಲ. ಹತ್ತು ಚಿತ್ರಗಳಲ್ಲಿ ಹಂಚಿಹೋಗಿದ್ದ ಪಕ್ಷದಲ್ಲಿ ಚೌಕದ ಆ ದೃಶ್ಯಕ್ಕೆ ಬೇಕಾದ ಬಂಡವಾಳ ಆಕೆಯ ಬಳಿ ಇರುತ್ತಿತ್ತೇ ಎಂಬುದು ಸಂದೇಹ.

1999ರಲ್ಲಿ ಕ್ಯೂಬಾ ಮೊದಲ ಬಾರಿಗೆ ರಾಷ್ಟ್ರೀಯ ರಂಗಪುರಸ್ಕಾರವನ್ನು ಕೊಟ್ಟಾಗ ಅದು ಅಕ್ಕ ತಮ್ಮಂದಿರಿಬ್ಬರಿಗೂ ಸಂದಿತು. ಅಷ್ಟು ಹೊತ್ತಿಗೆ ತಿಯಾತ್ರೊ ಎಸ್ತುದಿಯೊ ಒಡೆದು, ಅದರ ಒಂದು ಕವಲು 1991ರಲ್ಲಿಯೇ ಹುಬೆರ್ತ್ ದೆ ಬ್ಲಾಂಕ್ ಎಂಬ ಹೆಸರಿನಲ್ಲಿ ಬೇರೆಯಾಗಿತ್ತು. ರಾಕೆಲ್ ಅವರು 2004ರ ಜನವರಿಯಲ್ಲಿ ತೀರಿಕೊಂಡರು, ವಿಸೆಂತೆ 2012ರಲ್ಲಿ. ವೆದಾದೊದ ಲೀನೆಯಾ ಬೀದಿಯ ರಂಗಮಂದಿರವೊಂದಕ್ಕೆ ಈಗ ಆಕೆಯ ಹೆಸರಿದೆ. ‘ಲೂಸಿಯಾ’ದ ಹಳೆಯ ಪ್ರತಿಯನ್ನು ಬೊಲೋನ್ಯಾದ ಚಿತ್ರಾಲಯದವರು 2017ರಲ್ಲಿ ಜೀರ್ಣೋದ್ಧಾರ ಮಾಡಿದ ಮೇಲೆ ಅದು ಮತ್ತೆ ಉತ್ಸವಗಳಲ್ಲಿ ಸಂಚರಿಸುತ್ತಿದೆ. ಅದನ್ನು ತೋರಿಸುವ ಸಂಘದವರು ಕೈಗೆ ಕೊಡುವ ಚೀಟಿಯಲ್ಲಿ ನಿರ್ದೇಶಕರ ಬಗೆಗೆ ಎರಡು ಪುಟವನ್ನು ಬರೆದುಕೊಳ್ಳಲಿ, ಸಂತೋಷ. ಮೊದಲನೆಯ ಲೂಸಿಯಾಳಾದವರು ಹತ್ತು ವರ್ಷ ಮುಂಚೆ ಒಂದು ತಂಡವನ್ನು ಕಟ್ಟಿ, ಚಿತ್ರ ಮುಗಿದ ಮೇಲೆ ಆ ತಂಡಕ್ಕೇ ಹಿಂತಿರುಗಿದರೆಂದು ಒಂದು ಸಾಲನ್ನಾದರೂ ಸೇರಿಸಬೇಕು.